ನ್ಯಾಯಬೆಲೆ ಅಂಗಡಿಯೂ ನ್ಯಾಯಾಲಯವೂ

ಕೈಯಲ್ಲಿ ಪಡಿತರ ಚೀಟಿ, ಕಂಕುಳಲ್ಲಿ ಚೀಲ ಹಿಡಿದು ನ್ಯಾಯಬೆಲೆ ಅಂಗಡಿಯ ಮುಂದೆ ಜನರು ಸಾಲುಗಟ್ಟಿ ನಿಲ್ಲುವ ದೃಶ್ಯ ಎಲ್ಲರಿಗೂ ಪರಿಚಿತವಾದುದೇ. ಆ ಅಂಗಡಿಯನ್ನು ನಡೆಸುವ ಅಧಿಕಾರ ಯಾರಿಗೆ ಸಲ್ಲಬೇಕು? ವರ್ತಕನಿಗೋ, ಸಹಕಾರ ಸಂಘಕ್ಕೋ? ಇದನ್ನು ಸರ್ಕಾರವು ನಿರ್ಧರಿಸಿದ ಮೇಲೆ ಆ ನಿರ್ಧಾರವನ್ನು ಪ್ರಶ್ನಿಸಲು ಅವಕಾಶವುಂಟೇ?

ಉಂಟು. 1955ರ ಅಗತ್ಯ ವಸ್ತುಗಳ ಅಧಿನಿಯಮವು ಧಾನ್ಯವೇ ಮೊದಲಾದ ವಸ್ತುಗಳ ಹಂಚಿಕೆಯನ್ನು ನಿಯಂತ್ರಿಸುವ ಅಧಿಕಾರವನ್ನು ಸರ್ಕಾರಕ್ಕೆ ನೀಡಿದೆ. ಆದರೆ ಆ ಅಧಿಕಾರವು ಸಂವಿಧಾನದ ಎಲ್ಲೆಯನ್ನು ಮೀರುವಂತಿಲ್ಲ. ಮೀರಿತೆಂದು ತೋರಿದವರು 226ನೆಯ ಅನುಚ್ಛೇದದಂತೆ ಉಚ್ಚ ನ್ಯಾಯಾಲಯದ ಮೊರೆ ಹೊಗಬಹುದು. ಮೂಲಭೂತ ಹಕ್ಕಿಗೆ ಚ್ಯುತಿ ಬಂದರೆ 32ನೆಯ ಅನುಚ್ಛೇದದಂತೆ ನೇರವಾಗಿ ಸರ್ವೋಚ್ಚ ನ್ಯಾಯಾಲಯಕ್ಕೂ ಹೋಗಬಹುದು.

1981ರಲ್ಲಿ ಮಧ್ಯಪ್ರದೇಶ ಸರ್ಕಾರವು ಹೊಸ ಯೋಜನೆಯೊಂದನ್ನು ಜಾರಿಗೆ ತಂದು, ನ್ಯಾಯಬೆಲೆ ಅಂಗಡಿಗಳನ್ನು ವಹಿಸಿಕೊಡುವಲ್ಲಿ ಸಹಕಾರ ಸಂಘಗಳಿಗೆ ಆದ್ಯತೆ ನೀಡಿತು. ಅದುವರೆಗೆ ಅಂಗಡಿ ನಡೆಸುತ್ತಿದ್ದ ವರ್ತಕರು ಕಳವಳಗೊಂಡುದು ಸಹಜವೇ. ಅವರದೂ ಹೊಟ್ಟೆಪಾಡಿನ ಮಾತಲ್ಲವೇ? ಬೆಮೆತರಾ ತಹಸೀಲಿನ ಮಾರಾಟಗಾರರ ಸಂಘವು ಹೂಡಿದ ಮೊಕದ್ದಮೆ ಸರ್ವೋಚ್ಚ ನ್ಯಾಯಾಲಯದ ಮುಂದೆ ಬಂದಿತು. ಈ ಆದ್ಯತೆಯಿಂದ 14ನೆಯ ಅನುಚ್ಛೇದದ ಸಮಾನತೆಗೂ 19ನೆಯ ಅನುಚ್ಛೇದದ ವ್ಯಾಪಾರ ಸ್ವಾತಂತ್ರ್ಯಕ್ಕೂ ಭಂಗ ಬಂದಿತೆಂಬುದು ಅವರ ವಾದ.

ನ್ಯಾಯಾಲಯವು ಆ ವಾದವನ್ನು ಒಪ್ಪಲಿಲ್ಲ. ನ್ಯಾಯಬೆಲೆ ಅಂಗಡಿಯವನು ಸರ್ಕಾರದ ಧಾನ್ಯವನ್ನು ಸರ್ಕಾರದ ಪರವಾಗಿ ಹಂಚುವವನು. ತನ್ನನ್ನೇ ಅದಕ್ಕೆ ನೇಮಿಸಬೇಕೆಂದು ಕೇಳುವ ಮೂಲಭೂತ ಹಕ್ಕು ಯಾರಿಗೂ ಇಲ್ಲ. ತನ್ನ ಸ್ವಂತ ಬಂಡವಾಳದಿಂದ ಪೇಟೆಯಲ್ಲಿ ಧಾನ್ಯ ಮಾರಲು ಅವನಿಗೆ ಅಡ್ಡಿಯೇನೂ ಉಂಟಾಗಿರಲಿಲ್ಲ. ಸಹಕಾರ ಸಂಘಗಳಿಗೆ ಆದ್ಯತೆ ಕೊಟ್ಟುದೂ ಕಾರಣವಿಲ್ಲದ ಪಕ್ಷಪಾತವೆನಿಸಲಿಲ್ಲ. ಅವು ವರ್ತಕರಿಗಿಂತ ಚೆನ್ನಾಗಿ ಅಂಗಡಿ ನಡೆಸುವುವೇ ಎಂಬುದು ಬೇರೆಯೇ ಪ್ರಶ್ನೆ. ನೀತಿಯು ಕಾನೂನಿಗೆ ಸಮ್ಮತವೇ, ಸ್ವೇಚ್ಛಾಚಾರದಿಂದ ಕೂಡಿದೆಯೇ ಎಂದು ನೋಡುವುದು ನ್ಯಾಯಾಲಯದ ಕೆಲಸ. ಹಲವು ನೀತಿಗಳಲ್ಲಿ ಯಾವುದು ಮೇಲು ಎಂದು ಆರಿಸುವುದು ಸರ್ಕಾರದ ಹೊಣೆ.

ಹಾಗೆಂದು ಸಹಕಾರ ಸಂಘದ ಹೆಸರು ಹೇಳಿದರೆ ಸಾಕು, ಎಲ್ಲವೂ ಸಿಂಧುವಾಗುವುದೆಂದು ಭಾವಿಸಬಾರದು. ಅಸ್ಸಾಮಿನಲ್ಲಿ 1961ರ ಆದೇಶವೊಂದರಂತೆ ಭತ್ತದ ವ್ಯಾಪಾರಕ್ಕೆ ಲೈಸೆನ್ಸು ಬೇಕಾಗಿತ್ತು. ಅರ್ಜಿದಾರನು ಸಹಕಾರ ಸಂಘವೇ ಎಂಬುದನ್ನು ಅಧಿಕಾರಿಗಳು ಇತರ ಅಂಶಗಳೊಡನೆ ಗಮನಿಸಬೇಕೆಂದು ಆ ಆದೇಶ ಹೇಳಿತ್ತು. ಅವರಾದರೋ ಒಂದೇ ಸಂಘಕ್ಕೆ ಏಕಸ್ವಾಮ್ಯ ದೊರಕಿಸುವ ಉದ್ದೇಶದಿಂದ ವರ್ತಕನೊಬ್ಬನಿಗೆ ಲೈಸೆನ್ಸು ನಿರಾಕರಿಸಿದರು. ಸರ್ವೋಚ್ಚ ನ್ಯಾಯಾಲಯವು ಬಹುಮತದಿಂದ ಆದೇಶವನ್ನು ಎತ್ತಿಹಿಡಿದು, ನಿರಾಕರಣೆಯನ್ನು ಮಾತ್ರ ರದ್ದುಪಡಿಸಿತು. ಆದ್ಯತೆ ಬೇರೆ, ಏಕಸ್ವಾಮ್ಯ ಬೇರೆ. ಅಲ್ಲದೆ ಇಲ್ಲಿ ವರ್ತಕನು ಕೇಳಿದ್ದು ತನ್ನ ಸ್ವಂತ ವ್ಯಾಪಾರಕ್ಕೆ ಅನುಮತಿಯನ್ನೇ ಹೊರತು ಸರ್ಕಾರದ ಧಾನ್ಯವನ್ನು ಹಂಚುವ ಕೆಲಸವನ್ನಲ್ಲ.

ಅಂಗಡಿಯೊಂದರ ಲೈಸೆನ್ಸನ್ನು ರದ್ದುಪಡಿಸುವಾಗ ನ್ಯಾಯಾಲಯದ ದೃಷ್ಟಿ ಇನ್ನಷ್ಟು ಸೂಕ್ಷ್ಮವಾಗುತ್ತದೆ. ತೂಕದಲ್ಲಿ ಮೋಸ ಮಾಡಿದನೆಂಬ ಆರೋಪವಿದ್ದರೂ ಅಂಗಡಿಯವನಿಗೆ ನೋಟೀಸು ಕೊಟ್ಟು, ಅವನ ಸಮಜಾಯಿಷಿಯನ್ನು ಕೇಳಬೇಕು. ಹಾಗೆ ಮಾಡದೆ ಹೊರಡಿಸಿದ ಆಜ್ಞೆಯು ನ್ಯಾಯಾಲಯದಲ್ಲಿ ನಿಲ್ಲುವುದು ಕಷ್ಟ.

ಬೆಮೆತರಾ 2000ದಲ್ಲಿ ಹೊಸ ಛತ್ತೀಸಗಢ ರಾಜ್ಯಕ್ಕೆ ಸೇರಿತು. ಆ ರಾಜ್ಯವು 2004ರ ಆದೇಶದ ಮೂಲಕ ಖಾಸಗಿ ವರ್ತಕರಿಂದ ಅಂಗಡಿಗಳನ್ನು ಹಿಂದಕ್ಕೆ ಪಡೆದು ಪಂಚಾಯತಿ, ಸಹಕಾರ ಸಂಘ, ಸ್ವಸಹಾಯ ಗುಂಪು ಮೊದಲಾದ ಸಂಸ್ಥೆಗಳಿಗೆ ವಹಿಸಿತು. 2013ರ ರಾಷ್ಟ್ರೀಯ ಆಹಾರ ಭದ್ರತಾ ಅಧಿನಿಯಮವೂ ಲೈಸೆನ್ಸು ನೀಡುವಾಗ ಇಂತಹ ಸಂಸ್ಥೆಗಳಿಗೆ ಆದ್ಯತೆ ಕೊಡುವುದನ್ನು ಪಡಿತರದ ಸುಧಾರಣೆಗಳಲ್ಲಿ ಒಂದಾಗಿ ಎಣಿಸಿದೆ. ಅಂಗಡಿಯ ನಿರ್ವಹಣೆಯನ್ನು ಸ್ತ್ರೀಯರ ಕೈಗೆ ಒಪ್ಪಿಸುವುದೂ ಅದರಲ್ಲಿ ಸೇರಿದೆ.