ಆಟದ ಮನೆಗೆ ಹೊಸ ಸಾಮಾನು

ನಮ್ಮ ಖಿದಿರ್‌ಪುರದ ವಾಚನಾಲಯದ ಕಂಪ್ಯೂಟರಿನಲ್ಲಿ ಸದಸ್ಯರ ಮಕ್ಕಳು ಸಂಜೆ ‘ದಿ ಸಿಮ್ಸ್ 4’ ಎಂಬ ಸಂಸಾರದಾಟ ಆಡುತ್ತಾರೆ. 2014ರಲ್ಲಿ ಹೊರಬಂದ ಈ ಆಟದ ಮೂಲಭಾಗ 2022ರ ಅಕ್ಟೋಬರಿನಿಂದ ಉಚಿತ. ಆಟದ ಅಜ್ಜಿಗೆ ಸೀರೆ ಉಡಿಸುವುದು ಹೇಗೆಂದು ಒಬ್ಬ ಹುಡುಗಿ ಕೇಳಿದಳು. ಆಟಗಾರರೇ ತಯಾರಿಸಿ ಹಂಚುವ ಇಂಥ ವಸ್ತುಗಳನ್ನು ಸೇರಿಸುವ ಕ್ರಮ ಹೀಗಿದೆ.

ತಂದ ಕಡತ ಜಿಪ್ ಗಂಟಾಗಿದ್ದರೆ ಮೊದಲು ಬಿಚ್ಚಿರಿ. ಒಳಗಿನ ಕಡತದ ಹೆಸರಿನ ಕೊನೆಯನ್ನು ನೋಡಿರಿ. ‘ಪ್ಯಾಕೇಜ್’ ಎಂದಿದ್ದರೆ ಸಾಮಾನ್ಯವಾಗಿ ಉಡುಪು, ಮಂಚ, ಪಾತ್ರೆ. ‘ಟಿಎಸ್4ಸ್ಕ್ರಿಪ್ಟ್’ ಎಂದಿದ್ದರೆ ಅದು ಕಂಪ್ಯೂಟರಿಗೆ ಅಪ್ಪಣೆ ಕೊಡುವ ಪ್ರೋಗ್ರಾಂ. ಡಾಕ್ಯುಮೆಂಟ್ಸ್, ಅದರೊಳಗೆ ಎಲೆಕ್ಟ್ರಾನಿಕ್ ಆರ್ಟ್ಸ್, ಅದರೊಳಗೆ ದಿ ಸಿಮ್ಸ್ 4, ಅದರೊಳಗಿನ ‘ಮಾಡ್ಸ್’ ಫೋಲ್ಡರಿನಲ್ಲಿ ಕಡತವನ್ನಿಡಿರಿ. ಆಟದ ಆಯ್ಕೆಗಳಲ್ಲಿ ‘ಅದರ್’ ಎಂಬಲ್ಲಿ ಅನುಮತಿಯ ಗುರುತು ಹಾಕಿ, ಆಟ ಮುಚ್ಚಿ ಮತ್ತೆ ತೆರೆಯಿರಿ. ಆಟ ಪರಿಷ್ಕೃತವಾದಾಗ ಈ ಗುರುತು ತಾನೇ ಅಳಿಯುತ್ತದೆ. ಸೀರೆ ಮಾಯವಾಯಿತೆಂದು ಗಾಬರಿ ಬೇಡ, ಮತ್ತೆ ಹಾಕಿದರಾಯಿತು.

ಎಚ್ಚರಿಕೆಯ ಮಾತೊಂದಿದೆ. 2024ರಲ್ಲಿ ಇಂಥ ಕೆಲವು ಸ್ಕ್ರಿಪ್ಟ್ ಕಡತಗಳಲ್ಲಿ ಪಾಸ್‌ವರ್ಡ್ ಕದಿಯುವ ಪ್ರೋಗ್ರಾಂ ಅಡಗಿದ್ದುದು ಪತ್ತೆಯಾಯಿತು. ಹಗಲು ನಾವು ಪ್ರಾವಿಡೆಂಟ್ ಫಂಡ್ ಲೆಕ್ಕ ನೋಡುವುದೂ ಊರಿಗೆ ಹಣ ಕಳಿಸುವುದೂ ಇದೇ ಕಂಪ್ಯೂಟರಿನಲ್ಲಿ. ಆದ್ದರಿಂದ ಸೀರೆಯೆಂದು ತಂದ ಗಂಟಿನಲ್ಲಿ ಸ್ಕ್ರಿಪ್ಟ್ ಕಂಡರೆ ಹಾಕದೆ, ಮೊದಲು ನಮಗೆ ತೋರಿಸಬೇಕಾಗಿ ವಿನಂತಿ.