ಒಂದು ಗಂಟೆಗೆ ಏಳು ವರ್ಷ ಕಳೆಯುವ ಗ್ರಹ ನಿಜವಾಗಿಯೂ ಇದೆಯೇ?

"ವಿಜ್ಞಾನಿಗಳಿಗೆ ವಿಚಿತ್ರ ಗ್ರಹವೊಂದು ಸಿಕ್ಕಿದೆ. ಅಲ್ಲಿ ಒಂದು ಗಂಟೆ ಇದ್ದು ಬಂದರೆ ಭೂಮಿಯಲ್ಲಿ ಏಳು ವರ್ಷ ಆಗಿರುತ್ತದೆ. ಅಲ್ಲಿ ಯಾರಿಗೂ ವಯಸ್ಸಾಗುವುದಿಲ್ಲ." ಬೆಟ್ಟದೆತ್ತರದ ಅಲೆಯ ಚಿತ್ರದೊಂದಿಗೆ ಇಂಥ ಮೆಸೇಜ್ ನಿಮ್ಮ ವಾಟ್ಸ್‌ಆ್ಯಪ್ ಗ್ರೂಪಿಗೂ ಬಂದಿರಬಹುದು. ಇದಕ್ಕೆ ಊರಿನ ರೂಪವೂ ಇದೆ: ಇಂಥ ಕಾಡಿನಲ್ಲಿ, ಇಂಥ ಜಲಪಾತದ ಬಳಿ ಸಮಯ ನಿಧಾನವಾಗುತ್ತದೆ, ಮೊಬೈಲ್ ಗಡಿಯಾರವೇ ಹಿಂದೆ ಬೀಳುತ್ತದೆ ಎನ್ನುವುದು. ಇದರಲ್ಲಿ ನಿಜ ಎಷ್ಟು, ಸುಳ್ಳು ಎಷ್ಟು? ನೋಡೋಣ.

ಆ ಗ್ರಹ ಬಂದದ್ದು ಸಿನಿಮಾದಿಂದ

2014ರಲ್ಲಿ ಬಂದ 'ಇಂಟರ್‌ಸ್ಟೆಲ್ಲಾರ್' ಎಂಬ ಹಾಲಿವುಡ್ ಸಿನಿಮಾದಲ್ಲಿ ಮಿಲ್ಲರ್ ಹೆಸರಿನ ಗ್ರಹ ಬರುತ್ತದೆ. ಅದು ದೈತ್ಯ ಕಪ್ಪುಕುಳಿಯೊಂದರ ಪಕ್ಕದಲ್ಲೇ ಸುತ್ತುತ್ತಿರುತ್ತದೆ. ನೋಡಲು ಮೊಣಕಾಲುದ್ದದ ಶಾಂತ ನೀರು, ಆದರೆ ದೂರದಲ್ಲಿ ಬೆಟ್ಟದಂತೆ ಕಾಣುವುದು ಅಲೆ. ಒಂದು ಗಂಟೆಗೆ ಏಳು ವರ್ಷ ಎಂಬ ಲೆಕ್ಕವೂ ಅದೇ ಸಿನಿಮಾದ್ದು. ಇಂಥ ಗ್ರಹವನ್ನು ಯಾವ ವಿಜ್ಞಾನಿಯೂ ಕಂಡುಹಿಡಿದಿಲ್ಲ.

ಹಾಗಂತ ಎಲ್ಲವೂ ಕಟ್ಟುಕಥೆಯಲ್ಲ. ಆ ಸಿನಿಮಾಕ್ಕೆ ವಿಜ್ಞಾನದ ಸಲಹೆ ಕೊಟ್ಟವರು ಕಿಪ್ ಥಾರ್ನ್. 2017ರಲ್ಲಿ ಭೌತವಿಜ್ಞಾನದ ನೊಬೆಲ್ ಪಡೆದ ಮೂವರಲ್ಲಿ ಅವರೂ ಒಬ್ಬರು.

ಮಂಡ್ಯದ ಗಡಿಯಾರ, ಮಳವಳ್ಳಿಯ ಗಡಿಯಾರ

ಗುರುತ್ವ ಹೆಚ್ಚಿದ ಕಡೆ ಗಡಿಯಾರ ನಿಧಾನವಾಗಿ ಓಡುತ್ತದೆ ಎಂದು ಐನ್‌ಸ್ಟೈನ್ ಅವರ ಸಿದ್ಧಾಂತ ಹೇಳುತ್ತದೆ. ಭೂಮಿಯಿಂದ ಮೇಲೆ ಹೋದಷ್ಟೂ ಗಡಿಯಾರ ವೇಗವಾಗುತ್ತದೆ, ಕೆಳಗಿಳಿದಷ್ಟೂ ನಿಧಾನವಾಗುತ್ತದೆ. ಇದು ಪ್ರಯೋಗಗಳಲ್ಲಿ ಸಾಬೀತಾಗಿದೆ. 1971ರಲ್ಲಿ ಪರಮಾಣು ಗಡಿಯಾರಗಳನ್ನು ವಿಮಾನದಲ್ಲಿಟ್ಟು ಜಗತ್ತು ಸುತ್ತಿಸಿ ವ್ಯತ್ಯಾಸವನ್ನು ಅಳೆದಿದ್ದಾರೆ.

ಇದನ್ನು ನಮ್ಮ ಜಿಲ್ಲೆಗೇ ಅನ್ವಯಿಸೋಣ. ಮಂಡ್ಯ ಸಮುದ್ರಮಟ್ಟದಿಂದ ಸುಮಾರು 680 ಮೀಟರ್ ಎತ್ತರದಲ್ಲಿದೆ, ಮಳವಳ್ಳಿ ಸುಮಾರು 610 ಮೀಟರ್. ಮದ್ದೂರು ಇವೆರಡರ ನಡುವೆ. ಹಾಗಾಗಿ ಮಂಡ್ಯದ ಗಡಿಯಾರ ಮಳವಳ್ಳಿಯದಕ್ಕಿಂತ ನಿಜವಾಗಿಯೂ ವೇಗವಾಗಿ ಓಡುತ್ತದೆ! ಎಷ್ಟು? ನಾವು ಲೆಕ್ಕ ಹಾಕಿದೆವು. ಒಂದು ವರ್ಷಕ್ಕೆ ಸೆಕೆಂಡಿನ ಹತ್ತು ಲಕ್ಷದ ಒಂದು ಭಾಗದಲ್ಲಿ ಕಾಲು ಪಾಲಿನಷ್ಟು. ಎರಡೂ ಊರಿನ ನಡುವೆ ಒಂದೇ ಒಂದು ಸೆಕೆಂಡ್ ವ್ಯತ್ಯಾಸ ಬರಬೇಕಾದರೆ ಸುಮಾರು 40 ಲಕ್ಷ ವರ್ಷ ಕಾಯಬೇಕು.

ಇಷ್ಟು ಚಿಕ್ಕದಾದರೆ ಯಾರಿಗೆ ಬೇಕು ಅನ್ನಿಸಬಹುದು. ನಿಮ್ಮ ಮೊಬೈಲಿಗೇ ಬೇಕು. ಜಿಪಿಎಸ್ ಉಪಗ್ರಹಗಳು ಸುಮಾರು 20,000 ಕಿಲೋಮೀಟರ್ ಎತ್ತರದಲ್ಲಿವೆ. ಅವುಗಳ ಗಡಿಯಾರ ದಿನಕ್ಕೆ 38 ಮೈಕ್ರೋಸೆಕೆಂಡ್ ಮುಂದೆ ಓಡುತ್ತದೆ. ಅಷ್ಟರಲ್ಲಿ ಬೆಳಕು 11 ಕಿಲೋಮೀಟರ್ ಹೋಗಿರುತ್ತದೆ. ಈ ವ್ಯತ್ಯಾಸವನ್ನು ಸರಿಪಡಿಸಿರುವುದರಿಂದಲೇ ಮ್ಯಾಪ್ ನಿಮ್ಮನ್ನು ಸರಿಯಾದ ಊರಿಗೆ ತಲುಪಿಸುತ್ತಿದೆ.

ಹಾಗಾದರೆ ವಯಸ್ಸೇ ಆಗುವುದಿಲ್ಲವೇ?

ಒಂದು ಗಂಟೆಗೆ ಏಳು ವರ್ಷ ಆಗಬೇಕಾದರೆ ಕಪ್ಪುಕುಳಿ ತನ್ನ ಮಿತಿಯ ತುದಿಯವರೆಗೂ ವೇಗವಾಗಿ ತಿರುಗುತ್ತಿರಬೇಕು, ಗ್ರಹ ಅದರ ಅಂಚಿನಲ್ಲೇ ಇರಬೇಕು. ಅಂಥ ಗ್ರಹಕ್ಕೆ ಹೋದರೂ ನಿಮಗೆ ಸಮಯ ನಿಧಾನವಾದಂತೆ ಅನ್ನಿಸುವುದಿಲ್ಲ. ನಿಮ್ಮ ಒಂದು ಗಂಟೆ ಒಂದು ಗಂಟೆಯೇ. ಹಸಿವು, ನಾಡಿಬಡಿತ, ಗಡ್ಡ ಬೆಳೆಯುವುದು ಎಲ್ಲವೂ ಎಂದಿನಂತೆಯೇ. ವಾಪಸ್ ಬಂದು ಮನೆಯವರನ್ನು ನೋಡಿದಾಗ ಮಾತ್ರ ವ್ಯತ್ಯಾಸ ಗೊತ್ತಾಗುತ್ತದೆ. ಆಯಸ್ಸು ಹೆಚ್ಚುತ್ತದೆ ಎನ್ನುವುದು ಸುಳ್ಳು.

ಕಾಡಿನಲ್ಲಿ ಮೊಬೈಲ್ ಟೈಮ್ ತಪ್ಪಿದರೆ ಅದಕ್ಕೂ ಗುರುತ್ವ ಕಾರಣವಲ್ಲ. ಮೊಬೈಲ್ ಸಮಯವನ್ನು ನೆಟ್‌ವರ್ಕ್‌ನಿಂದ ಸರಿಪಡಿಸಿಕೊಳ್ಳುತ್ತದೆ. ನೆಟ್‌ವರ್ಕ್ ಇಲ್ಲದಿದ್ದರೆ ಒಳಗಿನ ಪುಟ್ಟ ಹರಳಿನ ಮೇಲೆ ಓಡುತ್ತದೆ. ಆ ಹರಳು ಬಿಸಿಲು, ಚಳಿಗೆ ಸ್ವಲ್ಪ ಹಿಂದೆ ಮುಂದೆ ಆಗುತ್ತದೆ. ಎರಡು ಮೊಬೈಲುಗಳಲ್ಲಿ ಬೇರೆ ಬೇರೆ ಸಮಯ ತೋರಿಸುವ ಫೋಟೋ ಯಾವುದಕ್ಕೂ ಸಾಕ್ಷಿಯಲ್ಲ.

ಎಚ್ಚರ ಬೇಕಿರುವುದು ಎಲ್ಲಿ?

ಇಂಥ ಮೆಸೇಜ್ ನಂಬಿ ಯಾರಾದರೂ 'ಸಮಯ ನಿಲ್ಲುವ ಜಾಗ' ಹುಡುಕಿಕೊಂಡು ಹೊಳೆಗೆ ಇಳಿಯಬಾರದು ಎನ್ನುವುದೇ ನಮ್ಮ ಚಿಂತೆ. ಸಿನಿಮಾದ ಗ್ರಹ ಇಲ್ಲ, ಆದರೆ ಶಾಂತವಾಗಿ ಕಂಡು ಪ್ರಾಣ ತೆಗೆಯುವ ನೀರು ಮಳವಳ್ಳಿ ತಾಲ್ಲೂಕಿನಲ್ಲೇ ಇದೆ. ಮುತ್ತತ್ತಿಯಲ್ಲಿ ಕಾವೇರಿಯ ಸುಳಿಗೆ ಸಿಕ್ಕಿ ಎಷ್ಟೋ ಜನ ಜೀವ ಕಳೆದುಕೊಂಡಿದ್ದಾರೆ. ಮೇಲೆ ನೀರು ನಿಂತಂತೆ ಕಂಡರೂ ತಳದಲ್ಲಿ ಬಂಡೆ, ಗುಂಡಿ, ಸೆಳೆತ ಇರುತ್ತವೆ.

ಶಿವನಸಮುದ್ರದ ಗಗನಚುಕ್ಕಿಯಲ್ಲಿ ಇನ್ನೊಂದು ಅಪಾಯವಿದೆ. ಅಲ್ಲಿ ನೀವು ನೋಡುವ ನೀರು ಬಹಳ ಹೊತ್ತಿನ ಹಿಂದೆ, ಬಹಳ ದೂರದಲ್ಲಿ ಹೊರಟದ್ದು. ಕೆಆರ್‌ಎಸ್‌ನಿಂದ ಬಿಟ್ಟ ನೀರು ಅಲ್ಲಿಗೆ ಬರಲು ಗಂಟೆಗಟ್ಟಲೆ ಬೇಕು. ಕಬಿನಿಯ ನೀರೂ ತಿ. ನರಸೀಪುರದಲ್ಲಿ ಸೇರಿಕೊಂಡು ಬರುತ್ತದೆ. ಕೊಡಗಿನಲ್ಲೋ ವಯನಾಡಿನಲ್ಲೋ ಮಳೆ ಜೋರಾದರೆ, ಮಳವಳ್ಳಿಯಲ್ಲಿ ಬಿಸಿಲಿದ್ದರೂ ಹೊಳೆ ಏರಬಹುದು. ಬಂಡೆಯ ಮೇಲೆ ನಿಂತು ರೀಲ್ಸ್ ಮಾಡುತ್ತಿರುವವರಿಗೆ ಇದು ಗೊತ್ತಾಗುವಷ್ಟರಲ್ಲಿ ದಾರಿ ಮುಚ್ಚಿರುತ್ತದೆ.

ಆದ್ದರಿಂದ ಹೊರಡುವ ಮುನ್ನ ಜಲಾಶಯದಿಂದ ನೀರು ಬಿಡುವ ಸುದ್ದಿ ಇದೆಯೇ ನೋಡಿ. ಬೇಲಿ, ಫಲಕ ಇರುವ ಕಡೆ ದಾಟಬೇಡಿ. ಈಜು ಬರುತ್ತದೆ ಎಂಬ ಧೈರ್ಯದ ಮೇಲೆ ಗೊತ್ತಿಲ್ಲದ ಮಡುವಿಗೆ ಇಳಿಯಬೇಡಿ. ಮುಂದಿನ ಸಲ ಆ ಅಲೆಯ ಚಿತ್ರ ಬಂದರೆ ಫಾರ್ವರ್ಡ್ ಮಾಡುವ ಬದಲು ಈ ಎಚ್ಚರಿಕೆಯನ್ನು ಕಳಿಸಿ. ಭಾನುವಾರ ಮುತ್ತತ್ತಿಗೆ ಹೊರಟಿರುವ ಹುಡುಗರು ನಿಮ್ಮ ಗ್ರೂಪಿನಲ್ಲೂ ಇರಬಹುದು.