ಪಿಸಿಓಎಸ್: ಮಗುವಾಗುವ ತನಕ ಮಾತ್ರದ ಚಿಂತೆಯಲ್ಲ

ಮಗಳಿಗೆ ಎರಡು ಮೂರು ತಿಂಗಳಿಗೊಮ್ಮೆ ಮುಟ್ಟಾಗುತ್ತದೆ. ಮದುವೆಯಾದರೆ ಎಲ್ಲ ಸರಿಹೋಗುತ್ತದೆ ಎಂದು ಮನೆಯವರು ಸುಮ್ಮನಿರುತ್ತಾರೆ. ಮದುವೆಯಾಗಿ ವರ್ಷ ಕಳೆದರೂ ಗರ್ಭ ನಿಲ್ಲದಿದ್ದಾಗ ವೈದ್ಯರ ಬಳಿಗೆ ಓಡುತ್ತಾರೆ. ಅಲ್ಲಿ ಪಿಸಿಓಎಸ್ ಎಂಬ ಹೆಸರು ಕೇಳಿದೊಡನೆ, ಇನ್ನು ಮಗುವಾಗುವುದೇ ಇಲ್ಲವೆಂದು ಅಳು ಶುರುವಾಗುತ್ತದೆ. ಮೊದಲಿನ ನಿರ್ಲಕ್ಷ್ಯವೂ ತಪ್ಪು, ನಂತರದ ಭಯವೂ ತಪ್ಪು.

ಏನಿದು?

1935ರಲ್ಲಿ ಅಮೆರಿಕದ ಸ್ಟೈನ್ ಮತ್ತು ಲೆವೆಂಥಾಲ್ ಎಂಬ ವೈದ್ಯರು ಈ ತೊಂದರೆಯನ್ನು ವಿವರಿಸಿದರು. ನಮ್ಮಲ್ಲಿ ಪಿಸಿಓಡಿ ಎಂದು ಕರೆಯುವುದೂ ಹೆಚ್ಚಾಗಿ ಇದನ್ನೇ. ಹೆರುವ ವಯಸ್ಸಿನ ಹತ್ತು ಮಹಿಳೆಯರಲ್ಲಿ ಸುಮಾರು ಒಬ್ಬರಿಗೆ ಇದು ಇರುತ್ತದೆ. ಸ್ಕ್ಯಾನಿಂಗ್‌ನಲ್ಲಿ ಕಾಣುವ 'ನೀರುಗುಳ್ಳೆ'ಗಳು ಗಡ್ಡೆಗಳಲ್ಲ. ಅರ್ಧ ಬೆಳೆದು ನಿಂತ ಅಂಡಕೋಶಗಳು. ಅವುಗಳನ್ನು ಕೊಯ್ದು ತೆಗೆಯಬೇಕಾಗಿಲ್ಲ.

ಇದರ ಬೇರು ಹೆಚ್ಚಿನವರಲ್ಲಿ ಇನ್ಸುಲಿನ್‌ನಲ್ಲಿದೆ. ಇನ್ಸುಲಿನ್‌ನ ಮಾತನ್ನು ದೇಹ ಸರಿಯಾಗಿ ಕೇಳದಿದ್ದಾಗ ಮೇದೋಜೀರಕ ಗ್ರಂಥಿ ಅದನ್ನು ಇನ್ನಷ್ಟು ಸುರಿಸುತ್ತದೆ. ಈ ಹೆಚ್ಚುವರಿ ಇನ್ಸುಲಿನ್ ಅಂಡಾಶಯದಲ್ಲಿ ಆಂಡ್ರೋಜನ್ ಎಂಬ ಪುರುಷ ಹಾರ್ಮೋನನ್ನು ಹೆಚ್ಚಿಸುತ್ತದೆ. ಆಗ ಅಂಡ ಪಕ್ವವಾಗಿ ಹೊರಬರುವುದಿಲ್ಲ, ಮುಟ್ಟು ಮುಂದೆ ಹೋಗುತ್ತದೆ. ಗಲ್ಲದ ಮೇಲೆ ಕೂದಲು, ವಾಸಿಯಾಗದ ಮೊಡವೆ, ನೆತ್ತಿಯ ಕೂದಲು ತೆಳುವಾಗುವುದು, ಕುತ್ತಿಗೆಯ ಹಿಂಭಾಗ ಕಪ್ಪಾಗುವುದು ಇದರ ಗುರುತುಗಳು. ಕುತ್ತಿಗೆಯ ಆ ಕಪ್ಪು ಕೊಳೆಯಲ್ಲ, ಉಜ್ಜಿದರೆ ಹೋಗುವುದಿಲ್ಲ. ತೆಳ್ಳಗಿರುವವರಿಗೂ ಪಿಸಿಓಎಸ್ ಬರಬಹುದು.

ಮಗುವಾಗುವುದಿಲ್ಲವೇ?

ಆಗುತ್ತದೆ. ಇಲ್ಲಿ ಅಂಡ ಇಲ್ಲವೆಂದಲ್ಲ, ಅದು ತಡವಾಗಿ, ಅಪರೂಪಕ್ಕೆ ಬಿಡುಗಡೆಯಾಗುತ್ತದೆ. ಸರಿಯಾದ ಚಿಕಿತ್ಸೆಯಿಂದ ಹೆಚ್ಚಿನವರು ತಾಯಿಯಾಗುತ್ತಾರೆ. ತೂಕ ಹೆಚ್ಚಿರುವವರು ನೂರಕ್ಕೆ 5ರಷ್ಟು ಇಳಿಸಿದರೂ, ಅಂದರೆ 70 ಕಿಲೋ ಇರುವವರು ಮೂರೂವರೆ ಕಿಲೋ ಕಡಿಮೆ ಮಾಡಿದರೂ, ಹಲವರಲ್ಲಿ ಮುಟ್ಟು ಹಾದಿಗೆ ಬರುತ್ತದೆ. ಅದು ಸಾಲದಿದ್ದರೆ ಅಂಡ ಬಿಡುಗಡೆಗೆ ಲೆಟ್ರೋಜೋಲ್‌ನಂತಹ ಮಾತ್ರೆಗಳನ್ನು ಸ್ತ್ರೀರೋಗ ತಜ್ಞರು ಕೊಡುತ್ತಾರೆ.

ಮುಟ್ಟು ಸರಿಯಾಗಿದ್ದರೆ ಒಂದು ವರ್ಷ, ವಯಸ್ಸು 35 ದಾಟಿದ್ದರೆ ಆರು ತಿಂಗಳು ಪ್ರಯತ್ನಿಸಿಯೂ ಗರ್ಭ ನಿಲ್ಲದಿದ್ದರೆ ವೈದ್ಯರನ್ನು ಕಾಣಿರಿ. ಮುಟ್ಟು ಏರುಪೇರಾಗಿದ್ದರೆ ಅಷ್ಟು ಕಾಯುವುದೂ ಬೇಡ. ಪತಿಯೂ ಜೊತೆಯಲ್ಲಿ ಬರಲಿ. ಹೆಣ್ಣಿಗೆ ಹತ್ತಾರು ಪರೀಕ್ಷೆ ಮಾಡಿಸಿ ಗಂಡಿನ ವೀರ್ಯ ಪರೀಕ್ಷೆಯನ್ನು ಮರೆಯುವುದು ಅನ್ಯಾಯ ಮಾತ್ರವಲ್ಲ, ಅಮೂಲ್ಯ ಸಮಯದ ನಷ್ಟವೂ ಹೌದು.

ಮಗುವಾದ ಮೇಲೆ?

ಹೆರಿಗೆಯಾದೊಡನೆ ಪಿಸಿಓಎಸ್ ಮುಗಿಯುವುದಿಲ್ಲ. ಗರ್ಭಿಣಿಯಾಗಿದ್ದಾಗ ಸಕ್ಕರೆ, ರಕ್ತದೊತ್ತಡ ಏರುವ ಸಾಧ್ಯತೆ ಇವರಿಗೆ ಹೆಚ್ಚು. ಮುಂದೆ ಮಧುಮೇಹದ ಅಪಾಯವೂ ಇದೆ. ಮುಟ್ಟು ತಿಂಗಳುಗಟ್ಟಲೆ ನಿಂತರೆ ಗರ್ಭಕೋಶದ ಒಳಪದರ ಹೊರಹೋಗದೆ ದಪ್ಪವಾಗುತ್ತದೆ. ವರ್ಷಗಳ ಕಾಲ ಹಾಗೆಯೇ ಬಿಟ್ಟರೆ ಅದು ಕ್ಯಾನ್ಸರ್‌ಗೂ ದಾರಿಯಾಗಬಹುದು. ಆದ್ದರಿಂದ ಅವಿವಾಹಿತ ಹುಡುಗಿಯಾಗಲಿ, ಮೂರು ಮಕ್ಕಳ ತಾಯಿಯಾಗಲಿ, ಮೂರು ತಿಂಗಳು ಮುಟ್ಟು ನಿಂತರೆ ತಪಾಸಣೆ ಮಾಡಿಸಲೇಬೇಕು. ಖಿನ್ನತೆಯೂ ಇವರಲ್ಲಿ ಹೆಚ್ಚು; ಅದನ್ನು ಸೋಮಾರಿತನ ಎಂದು ಹಂಗಿಸಬೇಡಿ.

ಯುನಾನಿಯ ದೃಷ್ಟಿ

ಪಿಸಿಓಎಸ್ ಎಂಬ ಹೆಸರು ನಮ್ಮ ಹಳೆಯ ಗ್ರಂಥಗಳಲ್ಲಿಲ್ಲ. ಆದರೆ ಮುಟ್ಟು ನಿಲ್ಲುವ ತೊಂದರೆಯನ್ನು ಇಹ್ತಿಬಾಸೆ ತಮ್ಸ್ ಎಂದು ಹಕೀಮರು ವಿವರಿಸಿದ್ದಾರೆ. ಬಲ್ಗಮ್, ಅಂದರೆ ಕಫ ಪ್ರಕೃತಿ ಹೆಚ್ಚುವುದು ಮತ್ತು ದೇಹದ ಸ್ಥೂಲತೆಯನ್ನು ಅದರ ಕಾರಣಗಳಲ್ಲಿ ಎಣಿಸಿದ್ದಾರೆ. ಚಿಕಿತ್ಸೆಯಲ್ಲಿ ಆಹಾರ ಮತ್ತು ರಿಯಾಝತ್, ಅಂದರೆ ವ್ಯಾಯಾಮಕ್ಕೆ ದೊಡ್ಡ ಸ್ಥಾನವಿದೆ. ಇಂದಿನ ವೈದ್ಯಶಾಸ್ತ್ರವೂ ಇವೆರಡರಿಂದಲೇ ಆರಂಭಿಸುತ್ತದೆ.

ಒಂದು ಎಚ್ಚರಿಕೆ: ಮುಟ್ಟು ತರಿಸುವ ಔಷಧಿಗಳನ್ನು, ಕಷಾಯಗಳನ್ನು ಯಾರೋ ಹೇಳಿದರೆಂದು ಸೇವಿಸಬೇಡಿ. ಪಿಸಿಓಎಸ್ ಇದ್ದವರೂ ಅನಿರೀಕ್ಷಿತವಾಗಿ ಗರ್ಭಿಣಿಯಾಗುತ್ತಾರೆ. ವಿವಾಹಿತೆಯರು ಮೊದಲು ಗರ್ಭ ಪರೀಕ್ಷೆ ಮಾಡಿಕೊಳ್ಳಬೇಕು; ಇಲ್ಲದಿದ್ದರೆ ಕಾದ ಮಗುವನ್ನೇ ಕಳೆದುಕೊಳ್ಳಬೇಕಾದೀತು. ಹಾಗೆಯೇ ನಡೆಯುತ್ತಿರುವ ಮಾತ್ರೆಗಳನ್ನು ನೀವಾಗಿಯೇ ನಿಲ್ಲಿಸಬೇಡಿ.

ಇಂದಿನಿಂದ ಏನು ಮಾಡಬಹುದು?

* ವಾರಕ್ಕೆ ಕನಿಷ್ಠ 150 ನಿಮಿಷ ಬಿರುಸಾಗಿ ನಡೆಯಿರಿ. ಹೊರಗೆ ಅನುಕೂಲವಿಲ್ಲದಿದ್ದರೆ ಟೆರೇಸೂ ಸಾಕು.
* ಚಹಾದ ಸಕ್ಕರೆ, ಶರಬತ್ತು, ಬೇಕರಿ ತಿಂಡಿ, ಮೈದಾ ಕಡಿಮೆ ಮಾಡಿ. ತಟ್ಟೆಯಲ್ಲಿ ಅನ್ನ ಇಳಿಯಲಿ. ತರಕಾರಿ, ಕಾಳು, ಮೀನು ಏರಲಿ. ಮದುವೆಯ ಬಿರಿಯಾನಿ ಬಿಡಬೇಕಾಗಿಲ್ಲ, ಎರಡನೇ ಬಾರಿ ಬಡಿಸಿಕೊಳ್ಳದಿದ್ದರೆ ಸಾಕು.
* ರಾತ್ರಿ ಬೇಗ ಮಲಗಿ.
* ವರ್ಷಕ್ಕೊಮ್ಮೆ ರಕ್ತದೊತ್ತಡ ನೋಡಿಸಿ. ಗ್ಲುಕೋಸ್ ಕುಡಿಸಿ ಮಾಡುವ ಸಕ್ಕರೆ ಪರೀಕ್ಷೆಯನ್ನು ವೈದ್ಯರು ಹೇಳಿದ ಅಂತರದಲ್ಲಿ ಮಾಡಿಸಿ.
* ಮುಟ್ಟಿನ ದಿನಾಂಕ ಬರೆದಿಡಿ. ನಮಾಝ್ ಹಾಗೂ ಖಝಾ ಉಪವಾಸದ ಲೆಕ್ಕಕ್ಕಾಗಿ ನೀವು ಹೇಗೂ ದಿನಗಳನ್ನು ಎಣಿಸುತ್ತೀರಿ. ಅದೇ ಲೆಕ್ಕ ವೈದ್ಯರಿಗೆ ಬಹಳ ಉಪಯುಕ್ತ.

ತಾಯಂದಿರಿಗೆ ಒಂದು ಮಾತು. ಮೊದಲ ಮುಟ್ಟಿನ ನಂತರ ಒಂದೆರಡು ವರ್ಷ ಏರುಪೇರು ಸಹಜ. ಅದರ ಬಳಿಕವೂ ಮುಂದುವರಿದರೆ ಸಂಬಂಧ ತಪ್ಪೀತೆಂದು ಮುಚ್ಚಿಡಬೇಡಿ. ಪಿಸಿಓಎಸ್ ಹೆಣ್ಣಿನ ದೋಷವಲ್ಲ, ಸಕ್ಕರೆ ಕಾಯಿಲೆಯಂತೆ ನೋಡಿಕೊಂಡು ಹೋಗಬಹುದಾದ ಒಂದು ತೊಂದರೆ. ಮದುವೆಗೆ ಮುಂಚೆಯೇ ಚಿಕಿತ್ಸೆ ಶುರುವಾದರೆ ಮಗಳ ಮುಂದಿನ ದಾರಿ ಹಗುರವಾಗುತ್ತದೆ.